ಬೆನ್ನು

ನನ್ನ ಬೆನ್ನು ಏಳು ಸಿನಿಮಾದಲ್ಲಿ ಉಂಟು.
ಮುಖ ಒಂದರಲ್ಲೂ ಇಲ್ಲ.

ಜೆಪ್ಪುವಿನ ಹಂಚಿನ ಕಾರ್ಖಾನೆಯ ಗೇಟಿಗೆ ಬಂದಿದ್ದರು ಲಿಗೋರಿ ಮಿನೇಜಸ್,
ಹಡಗಿನಲ್ಲಿ ಅಡುಗೆಗಿದ್ದ ಮಾವ ಮನಿಲಾದಿಂದ ತಂದ ಕ್ಯಾಮೆರಾ ಕಂಕುಳಲ್ಲಿ.
ಕೆಲಸ ಬಿಟ್ಟು ಹೊರಟ ನಮ್ಮನ್ನೆಲ್ಲ
ಎದುರಿನಿಂದಲ್ಲ, ಹಿಂದಿನಿಂದ ನೋಡಿದರು.
ಮದ್ರಾಸಿನ ಹೀರೋಯಿನ್ನು ಮುಂಗಡ ತಗೊಂಡು
ಐದೇ ದಿನ ನಟಿಸಿ ರೈಲು ಹತ್ತಿದ್ದಳಂತೆ.
ಮಿಕ್ಕ ಅರ್ಧ ಕಥೆಗೆ ಒಂದು ಬೆನ್ನು ಬೇಕಿತ್ತು.

"ಹೆಸರೆಂತ?"
"ಬಾಗಿ."
"ಬಾಗುವುದು ಬೇಡ. ತಿರುಗಬೇಡ, ಅಷ್ಟೇ."

ದಿನಕ್ಕೆ ಎರಡು ರೂಪಾಯಿ, ಮಧ್ಯಾಹ್ನ ಬಂಗುಡೆ ಸಾರು.
ತಣ್ಣೀರುಬಾವಿಯ ಮರಳಲ್ಲಿ ನಿಂತು ಕಡಲು ನೋಡಿದೆ,
ಗುರುಪುರ ಹೊಳೆಯ ದೋಣಿಯಲ್ಲಿ ಕೂತು ಆಚೆ ದಡ ನೋಡಿದೆ.
ಹಿಂದೆ ಯಾರೋ ಅಳುತ್ತಿದ್ದರು, ಹೋಗಬೇಡ ಅನ್ನುತ್ತಿದ್ದರು;
ಯಾರೆಂದು ಗೊತ್ತಾದದ್ದು ಥಿಯೇಟರಿನ ಬೆಂಚಿನಲ್ಲಿ ಕೂತ ಮೇಲೆ.
ಹಂಚು ಹೊತ್ತ ಗುರುತು ಹೆಗಲಲ್ಲಿ ಕಾಣದ ಹಾಗೆ
ಪೌಡರು ಹಚ್ಚುತ್ತಿದ್ದಳು ಅವರ ಹೆಂಡತಿ ಸೆವ್ರಿನ್ ಬಾಯಿ.
ಮೂರನೇ ಸಿನಿಮಾಕ್ಕೆ ಅವಳ ಬಳೆ ಹೋಯಿತು,
ಐದನೆಯದಕ್ಕೆ ಕುಲಶೇಖರದ ಹಿತ್ತಲು.

ಒಂದು ಮಾತ್ರ ಓಡಿತು, ನೂರು ದಿನ.
ಹಂಪನಕಟ್ಟೆಯಲ್ಲಿ ಜನ ಅವರ ಕಾರಿಗೆ ಕೈಮುಗಿಯುತ್ತಿದ್ದರು.
ಬಾಡಿಗೆ ಕಾರು.
ಆಮೇಲೆ ಕಲರು ಬಂತು.
"ಬಂಗುಡೆಗೆ ಎಂತ ಕಲರು ಬೇಕು, ನೀನೇ ಹೇಳು," ಅಂದರು.
ಬಂಗುಡೆಯ ಬೆನ್ನು ಹಸಿರು.
ನಾನು ಹೇಳಲಿಲ್ಲ.

ಕೊನೆಕೊನೆಗೆ ರೋಸಿನ ಫೋಟೋ, ಮದುವೆಯ ಫೋಟೋ.
ಮದುಮಗಳಿಗೆ ನಗು ಎನ್ನಲು ಬಾರದ ಮನುಷ್ಯ;
ಬಾಗಿಲು ದಾಟುವಾಗ ಹಿಂದಿನಿಂದ ತೆಗೆಯುತ್ತಿದ್ದರು.
ಆರು ಮನೆಯವರು ಜಗಳಕ್ಕೆ ಬಂದರು.

ರೀಲು ಎಂತಾಯಿತು ಕೇಳುತ್ತೀರಿ ನೀವೆಲ್ಲ.
ಬಂದರಿನ ಗೋಡೌನಿನಲ್ಲಿ, ಒಣಮೀನಿನ ಚೀಲಗಳ ಅಡಿಯಲ್ಲಿ
ಹುಳಿ ವಾಸನೆ ಬಂದು ಒಂದಕ್ಕೊಂದು ಅಂಟಿಕೊಂಡವು.
ಒಂದು ಡಬ್ಬಿಯ ಮುಚ್ಚಳ ನನ್ನಲ್ಲುಂಟು,
ಗಂಜಿಯ ಪಾತ್ರೆಗೆ ಸರಿ ಕೂರುತ್ತದೆ.

ಕಂಕನಾಡಿಯ ಆಸ್ಪತ್ರೆಗೆ ಹೋದೆ, ಎರಡು ಬೊಂಡ ಹಿಡಿದು.
ಮುಖ ನೋಡಿದರು. "ಯಾರಮ್ಮ?" ಅಂದರು.
ಹೇಳಿದೆ. ಇನ್ನೊಮ್ಮೆ ಹೇಳಿದೆ.
ಮತ್ತೆ ಎಂತ ತೋಚಿತೋ,
ಕಿಟಕಿಯ ಕಡೆ ತಿರುಗಿ ನಿಂತೆ.

ತುಂಬ ಹೊತ್ತು ಮಂಚ ಕಿರುಗುಟ್ಟಿದ್ದಷ್ಟೇ.
"ಒಂದು ಚೂರು ಎಡಕ್ಕೆ, ಬಾಗಿ.
ಮೋಡ ಸರಿಯಲಿ."

ಸರಿದೆ.
ಹೊರಗೆ ಬಿಸಿಲೇ ಇತ್ತು.
ನನ್ನ ಬಸ್ಸು ಬಂತು, ನಿಂತಿತು, ಹೋಯಿತು;
ಅಲ್ಲಿಂದ ಎಲ್ಲ ಕಾಣುತ್ತಿತ್ತು.