ನಾಲ್ಕು ಹೆಜ್ಜೆ ಬಾಕಿ

ಶಿವರಾಂಪೇಟೆಯ ಲಗ್ನಪತ್ರಿಕೆ ಅಂಗಡಿಯವರು
ಮಾರಿಬಿಟ್ಟ ಹಳೇ ಕಂಪ್ಯೂಟರು.
ಗುಂಡಿ ಒತ್ತಿದರೆ ಕೆಮ್ಮುತ್ತ ಎದ್ದು
ಮೊದಲೊಂದು ಗಣಪತಿ ಬಾರ್ಡರು ತೋರಿಸಿ
ಆಮೇಲೆ ನಮ್ಮ ಯುದ್ಧಕ್ಕೆ ದಾರಿ ಬಿಡುತ್ತಿತ್ತು.

ನಾಲ್ಕು ಫ್ಲಾಪಿಯ ಆಟ. ಮೂರನೆಯದು ಕೆಟ್ಟಿತ್ತು,
ಹಾಗಾಗಿ ಗುಂಡಿಗೆ ಸದ್ದಿಲ್ಲ.
ಉಗುರಿನಷ್ಟೆತ್ತರದ ಆರು ಸಿಪಾಯಿಗಳು, ಚೌಕ ಚೌಕದ ನೆಲ,
ಒಬ್ಬೊಬ್ಬನಿಗೂ ಸರದಿಗೆ ಇಷ್ಟೇ ಹೆಜ್ಜೆ.
ಬಗ್ಗಿದರೂ ಲೆಕ್ಕ, ಬಾಗಿಲು ತೆರೆದರೂ ಲೆಕ್ಕ,
ನಮ್ಮದು ಮುಗಿದ ಮೇಲೆ ಅವರದು.

ಅಶೋಕಪುರಂ ಮನೆಯ ನಡುಮನೆಯಲ್ಲಿ, ನನ್ನ ಬೆನ್ನಿಗೆ
ಸಿದ್ದಾಜತ್ತೆ ಊದುಬತ್ತಿ ಹೊಸೆಯುತ್ತಿದ್ದಳು.
ಎರಡೂ ಕೈಗೆ ಕರೀ ಹಿಟ್ಟು, ಕೀಬೋರ್ಡು ಮುಟ್ಟುವ ಹಾಗಿಲ್ಲ,
ಬಾಯಲ್ಲೇ ಸೇನಾಪತಿ.
"ಥೇಟ್ ಚೌಕಾಬಾರ ಕಣ್ಲಾ, ಕವಡೆ ಇಲ್ಲ ಅಷ್ಟೆಯ."
ಇಲ್ಲಿ ಕಡಿದ ಕಾಯಿ ಮತ್ತೆ ಮನೆಯಿಂದ ಹೊರಡೋದಿಲ್ಲ ಅಂದೆ.
ಒಂದು ಕಡ್ಡಿ ಹೊಸೆಯುವಷ್ಟು ಹೊತ್ತು ಸುಮ್ಮನಿದ್ದಳು.

ಹೆಸರಿಡು ಎಂದಿತು ಆಟ. ಎಂಟೇ ಇಂಗ್ಲಿಷ್ ಅಕ್ಷರ.
ಅತ್ತೆ ತನ್ನ ಚೀಟಿಯ ಬಾಕಿದಾರರನ್ನು ಸಾಲಾಗಿ ನಿಲ್ಲಿಸಿದಳು:
ಟೈಲರ್ ಗೌಸು, ವರ್ಕ್‌ಶಾಪಿನ ರಾಚಯ್ಯ, ಮತ್ತಿಬ್ಬರು,
ಹೂವಿನ ಚಿಕ್ಕತಾಯಿ ಅರ್ಧಕ್ಕೇ ನಿಂತು
ಚಿಕ್ಕತಾ ಆದಳು.
"ಹುಸಾರು. ಕೊಡಬೇಕಾದೋರು ಸಾಯಬಾರ್ದು."
ಚಿಕ್ಕತಾಳನ್ನು ಮೋಟುಗೋಡೆಯ ಮರೆಗೆ ಕೂರಿಸಿದವಳು
ಐದು ಯುದ್ಧ ಕಳೆದರೂ ಏಳಗೊಡಲಿಲ್ಲ.

ಆರನೆಯವನು ದೊರೆಸ್ವಾಮ್.
ಇಪ್ಪತ್ತು ತಿಂಗಳ ಚೀಟಿಯನ್ನು ನಾಲ್ಕನೆಯದರಲ್ಲೇ ಕೂಗಿ
ಬೆಳಗಿನ ನಂಜನಗೂಡು ರೈಲು ಹತ್ತಿದವನು.
ಅವನ ಹದಿನಾರು ಕಂತು ಅತ್ತೆಯೇ ಕಟ್ಟಿದ್ದು,
ಸಾವಿರ ಕಡ್ಡಿಗೆ ಇಷ್ಟು ಎಂಬ ಕೂಲಿಯಲ್ಲಿ.
"ಅವನ್ನ ಮೊದ್ಲು ನುಗ್ಸು."

ನುಗ್ಗಿಸಿದೆ.
ಎಲ್ಲ ಬಾಗಿಲಿಗೂ ಅವನೇ ಮೊದಲು,
ಎಲ್ಲ ಕತ್ತಲೆ ಗೋದಾಮಿಗೂ ಅವನದೇ ತಲೆ.
ಸಾಯಲೇ ಇಲ್ಲ ಬಡ್ಡೀಮಗ.
ಮುಂದೆ ಹೋದವನಿಗೇ ಅನುಭವ ತಾನೆ?
ಗುರಿ ಬಲಿಯಿತು, ಹೆಜ್ಜೆ ಹೆಚ್ಚಿತು,
ಹೆಸರಿನ ಪಕ್ಕ ಹಳದಿ ನಕ್ಷತ್ರ, ಒಂದು, ಆಮೇಲೆ ಎರಡು.
"ಇಲ್ಲೂ ಉದ್ಧಾರ ಆದ್ನಲ್ಲ ಕಳ್ಳ," ಎಂದು ಬಯ್ಯುತ್ತಲೇ
ಒಂದು ಸಂಜೆ ಅವನ ಗಾಯಕ್ಕೆ ಪಟ್ಟಿ ಕಟ್ಟಲು
ಗೌಸನ ಹೆಜ್ಜೆಗಳನ್ನೆಲ್ಲ ಖರ್ಚು ಮಾಡಿಸಿದಳು.
ತಿರುಗಿ ನೋಡಿದೆ.
ಕಡ್ಡಿ ಎಣಿಸುತ್ತಿದ್ದಳು.

ಶತ್ರುವಿನ ಸರದಿ ಬಂದರೆ ಪರದೆ ಕಪ್ಪು.
ಅವರು ಎಲ್ಲಿಂದ, ಎಷ್ಟು ಜನ, ಯಾರ ಕಡೆಗೆ?
ಏನೂ ಕಾಣದು, ಏನೂ ಕೇಳದು.
ಗಾಜಿನಲ್ಲಿ ನನ್ನ ಮುಖ, ಅದರ ಹಿಂದೆ
ಹೊಸೆಯುವುದನ್ನು ನಿಲ್ಲಿಸಿದ ಎರಡು ಕೈ.

ಕಾರ್ಖಾನೆಯ ನಕ್ಷೆಯಲ್ಲಿ ಸಿಕ್ಕಿಬಿದ್ದ.
ಬಟ್ಟಂಬಯಲು ಅಂಗಳದ ನಟ್ಟನಡುವೆ ಒಬ್ಬನೇ.
ಗೋಡೆ ಆರು ಚೌಕ ಆಚೆ,
ಅವನ ಹತ್ತಿರ ಉಳಿದದ್ದು ನಾಲ್ಕು ಹೆಜ್ಜೆ.
ಉಳಿದವರು ದೂರ. ಚಿಕ್ಕತಾ ಮೊದಲಿನಂತೆ ಮರೆಯಲ್ಲಿ.
ಸರದಿ ಮುಗಿಸಲಾ ಅಂದೆ.
"ಬ್ಯಾಡ ಬುಡು. ಇವತ್ತು ಹಂಗೇ ಇರ್ಲಿ."
ಫ್ಲಾಪಿಗೆ ಉಳಿಸಿ ಎದ್ದೆ.
ನಾಳೆಯೂ ಬೇಡ ಅಂದಳು. ನಾಡಿದ್ದು
ಕೇಳಲಿಲ್ಲ.

ಕಂಪ್ಯೂಟರು ಮಂಡಿ ಮೊಹಲ್ಲಾದ ಗುಜರಿಗೆ ಹೋಯಿತು, ತೂಕದ ಲೆಕ್ಕದಲ್ಲಿ.
ಚಿಕ್ಕತಾಯಿ ಕೊನೇ ಕಂತಿನ ಜೊತೆ
ಒಂದು ಮೊಳ ಮಲ್ಲಿಗೆಯನ್ನೂ ಕೊಟ್ಟು ಹೋದಳು.
ಫ್ಲಾಪಿ ಮಾತ್ರ ಅತ್ತೆಯ ಚೀಟಿ ಪುಸ್ತಕದೊಳಗೆ,
ಬೂಷ್ಟು ಹಿಡಿದು, ಊದುಬತ್ತಿಯ ವಾಸನೆ ಹಿಡಿದು.

ಮೊನ್ನೆ ಫೋನಿನಲ್ಲಿ ಏನೇನೋ ಮಾತಾಡುತ್ತ ನಡುವೆ ಕೇಳಿದಳು:
"ಅವ ಇನ್ನೂ ಅಂಗಳದಲ್ಲೇ ನಿಂತವ್ನಾ?"
ಹೂಂ, ಅಂದೆ. ನಾಲ್ಕು ಹೆಜ್ಜೆ ಬಾಕಿ.
ಆ ಕಡೆ ಸ್ವಲ್ಪ ಹೊತ್ತು ಕುಕ್ಕರಿನ ಸದ್ದು.
"ಬರ್ಕೊಂಡಿರು," ಅಂದಳು.