ಮೂರು ಕಾಲರ್

ನಾನು ಹೊಲಿಯುವವಳಲ್ಲ. ಗಂಟೆಗೊಮ್ಮೆ
ಏಳನೇ ಲೈನಿನ ತಲೆಗೆ ತೂಗುಹಾಕಿದ ಕಪ್ಪು ಹಲಗೆಯ ಮೇಲೆ
ಸೀಮೆಸುಣ್ಣದಲ್ಲಿ ಅಂಕಿ ಬರೆಯುತ್ತೇನೆ.
ಟಾರ್ಗೆಟ್ ನೂರಿಪ್ಪತ್ತು. ಆದದ್ದು ನೂರಾ ಎಂಟು.
ನಡುವಿನ ಹನ್ನೆರಡಕ್ಕೆ
ಯಾರ ಹೆಸರು ಹಿಡಿದು ಕೂಗಬೇಕೆಂದು
ಸೂಪರ್‌ವೈಸರಿಗೆ ಗೊತ್ತು.

ಪೀಣ್ಯ ಎರಡನೇ ಹಂತ, ಮೂರನೇ ಮಹಡಿ.
ಕಾಲರ್ ಕೂರಿಸುವವಳು ಹನುಮಕ್ಕ, ಪಾವಗಡದ ಕಡೆಯವಳು.
ನಾಲ್ಕು ವರ್ಷ ಹತ್ತು ತಿಂಗಳಿಗೊಮ್ಮೆ
ಹೇಳಿದಲ್ಲಿ ರಾಜೀನಾಮೆಗೆ ಸಹಿ ಹಾಕಿ,
ಮರುವಾರ ಅದೇ ಗೇಟಿನಲ್ಲಿ ಹೊಸ ಕಾರ್ಡು ಪಡೆದು
ಹತ್ತೊಂಬತ್ತು ವರ್ಷದಿಂದ ಹೊಸಬಳು.

ಆ ಮಂಗಳವಾರ ಕೊರಿಯಾದಿಂದ ಒಬ್ಬಾಕೆ ಬಂದಳು.
ಬೆಳಿಗ್ಗೆಯೇ ಬಾತ್‌ರೂಮು ತೊಳೆಸಿದ್ದರು, ಟೋಕನ್ನು ಬಚ್ಚಿಟ್ಟಿದ್ದರು.
ಎಪ್ಪತ್ತರ ಹತ್ತಿರದ ವಯಸ್ಸು, ಕೊರಳಲ್ಲಿ ಸ್ಟಾಪ್‌ವಾಚು,
ಹೆಸರು ನೋ.
ನಸೀಬಾ ಮಾಸ್ಕಿನೊಳಗೇ ನಕ್ಕಳು:
‘ಕೇಳೋಕೆ ಮುಂಚೇನೇ ಇಲ್ಲ ಅನ್ನೋ ಹೆಸರು,
ನಮ್ಮ ಎಚ್ಚಾರ್‌ಗೆ ಇಡಬೇಕಿತ್ತು.’

ಹನುಮಕ್ಕನ ಹಿಂದೆ ನಿಂತು ಆಕೆ ಗುಂಡಿ ಒತ್ತಿದಳು.
ಮೂವತ್ತಮೂರು ಸೆಕೆಂಡು. ಮೂವತ್ತನಾಲ್ಕು. ಮೂವತ್ತಮೂರು.
ಆಮೇಲೆ ಏನನ್ನಿಸಿತೋ, ಭುಜ ಮುಟ್ಟಿ ಏಳು ಎಂದಳು,
ತಾನೇ ಕೂತಳು.
ಕತ್ತಲಲ್ಲಿ ಹಳೇ ಮನೆಯ ಮೆಟ್ಟಿಲು ಸಿಕ್ಕಂತೆ
ಪೆಡಲಿಗೆ ಕಾಲು ಸಿಕ್ಕಿತು.
ಒಂದು. ಎರಡು. ಮೂರು.

ಎದ್ದು ಎಡಗೈ ತೋರುಬೆರಳು ನೀಡಿದಳು:
ಉಗುರು ನಟ್ಟನಡುವೆ ಸೀಳಿ ಬೆಳೆದಿತ್ತು.
ಹನುಮಕ್ಕ ಮಾತಾಡದೆ
ತನ್ನ ಬೆರಳನ್ನು ಪಕ್ಕಕ್ಕೆ ಹಿಡಿದಳು.

ಜೊತೆಗಿದ್ದ ಎಂಬಿಎ ಹುಡುಗ ತರ್ಜುಮೆ ಮಾಡಿದ:
ಹದಿನಾರು ವರ್ಷವಂತೆ. ಸಿಯೋಲಂತೆ.
ನೆಟ್ಟಗೆ ನಿಂತರೆ ತಲೆ ತಾಗುವ ಅಟ್ಟವಂತೆ.
ಒಂದು ಭಾನುವಾರ ರಜೆ ಕೇಳಿದ್ದಕ್ಕೆ ಪೊಲೀಸರು…
ಮ್ಯಾನೇಜರು ಕೆಮ್ಮಿದರು.
ತರ್ಜುಮೆ ಅಲ್ಲಿಗೆ ನಿಂತಿತು, ಆಕೆ ನಿಲ್ಲಿಸಲಿಲ್ಲ.
ಒಂದಕ್ಷರ ತಿಳಿಯದೆ ಲೈನು ಪೂರ್ತಿ ಕೇಳಿತು.
ನೋ. ನೋವಿನ ಮೊದಲಕ್ಷರ
ಅಲ್ಲಿಯವರೆಗೂ ನಮಗೆ ಹೊಳೆದಿರಲಿಲ್ಲ.

ಹುಡುಗ ಮಾತು ಬದಲಿಸಿದ:
ಆ ಅಟ್ಟಗಳಲ್ಲಿ ಈಗ ಕಾಫಿ ಮಾರುತ್ತಾರೆ,
ದೇಶ ಎದ್ದು ನಿಂತಿತು, ನಮ್ಮದೂ ಏಳುತ್ತದೆ.
‘ದೇಶ ಎದ್ದಾಗ ಈಯಮ್ಮನೂ ಎದ್ದಿದ್ದಳಾ,
ಇಲ್ಲಾ ಕೂತೇ ಇದ್ದಳಾ, ಅದನ್ನ ಕೇಳಪ್ಪ’
ಅಂದಳು ಹನುಮಕ್ಕ. ಅವನು ಕೇಳಲಿಲ್ಲ.

ಆ ಮೂರು ಕಾಲರ್ ಯಾರ ಲೆಕ್ಕಕ್ಕೆ?
ಡೆಮೋ ಅದು, ಬಿಟ್ಹಾಕು ಎಂದರು.
ನಾನು ಬಿಡಲಿಲ್ಲ.
ಆ ಗಂಟೆಗೆ ನೂರಾ ಐದು,
ಅದರಲ್ಲಿ ಮೂರು ಸಿಯೋಲಿನವು.

ಹದಿನೈದು ದಿನಕ್ಕೆ ವರದಿ ಬಂತು.
ಈ ಮೆಷಿನಿನಲ್ಲೇ ಇಪ್ಪತ್ತೆಂಟು ಸೆಕೆಂಡಿಗೆ ಆಗುತ್ತದೆ,
ಆಕೆಯೇ ಮಾಡಿ ತೋರಿಸಿದ್ದಾಳೆ.
ಟಾರ್ಗೆಟ್ ನೂರಾ ಇಪ್ಪತ್ತೆಂಟು.
ಆಗದಿದ್ದರೆ ಆರ್ಡರು ವಿಯೆಟ್ನಾಮಿಗೆ,
ಅದೂ ಅಲ್ಲದಿದ್ದರೆ ಮಳವಳ್ಳಿ ಕಡೆ ಶೆಡ್ಡು ಏಳುತ್ತಿದೆ,
ಅಲ್ಲಿ ಕೂಲಿ ಕಮ್ಮಿ.

ನಸೀಬಾ ಬೈದಳು, ಬಾಯಿತುಂಬಾ.
ಹನುಮಕ್ಕ ದಾರ ಕಚ್ಚಿ ತುಂಡರಿಸುತ್ತಾ ಅಂದಳು:
‘ಅವಳೇನು ಮಾಡ್ತಾಳೆ? ಕೈ ಅದು.
ಅದಕ್ಕೆ ಜೋರಾಗಿ ಓಡೋದು ಕಲಿಸಿದ್ರು,
ನಿಧಾನ ಮಾಡೋದು ಯಾರೂ ಕಲಿಸಲಿಲ್ಲ.’

ನೂರಿಪ್ಪತ್ತನ್ನು ಒರೆಸಿದೆ. ಪೂರ್ತಿ ಹೋಗಲಿಲ್ಲ.
ಹೊಸ ಅಂಕಿಯ ಅಡಿಯಲ್ಲಿ ಇನ್ನೂ ಬೆಳ್ಳಗೆ ಕಾಣುತ್ತದೆ.

ಲಗ್ಗೆರೆಯಲ್ಲಿ ಸಂಘದ ಕೋಣೆಗೆ ಬಾಗಿಲಿದೆ, ಹಲಗೆಯಿಲ್ಲ.
ಭಾನುವಾರ ಹನ್ನೊಂದು ಜನ ಬಂದಿದ್ದರು.
ಜೇಬಿನಲ್ಲಿ ಉಳಿದಿದ್ದ ಸೀಮೆಸುಣ್ಣ ತೆಗೆದು
ಕೆಂಪು ನೆಲದ ಮೇಲೇ ಬರೆಯತೊಡಗಿದೆ,
ಯಾರ್ಯಾರ ರಾಜೀನಾಮೆ, ಯಾವ್ಯಾವ ಇಸವಿ.
ಹನುಮಕ್ಕನ ಮೂರನೆಯದಕ್ಕೆ ಬರುವಷ್ಟರಲ್ಲಿ
ಜಾಗ ಸಾಲಲಿಲ್ಲ.
ಕಾಲು ಸ್ವಲ್ಪ ತೆಗೀರಿ, ಅಂದೆ.