ನಡಾವಳಿ

ಹಲ್ ನಗರದ ವಸತಿ ಸಂಘದಲ್ಲಿ
ಹತ್ತೊಂಬತ್ತು ವರ್ಷದಿಂದ ನಡಾವಳಿ ಬರೆಯುತ್ತೇನೆ.
ಮೂವರು ಅಧ್ಯಕ್ಷರು ಬಂದು ಹೋದರು.
ಮೇಜು ಅದೇ, ದೋಣಿಯಷ್ಟುದ್ದ;
ಬಾಗಿಲ ಕಡೆಯ ಮಾತು ಕಿಟಕಿ ಮುಟ್ಟುವಷ್ಟರಲ್ಲಿ
ಚಹಾ ಆರಿರುತ್ತದೆ.

ನಾಲ್ಕನೆಯವಳು ಹಿಲ್ಡಾ ಥ್ವೇಟ್.
ಕೋಟು ಬಿಚ್ಚುವ ಮೊದಲೇ ಅಂದಳು:
"ಇಲ್ಲಿ ಎಲ್ಲರೂ ಮಾತಾಡಬೇಕು."
ಯಾರೂ ಮಾತಾಡಲಿಲ್ಲ.
ನಾನು ಬರೆದೆ: ಒಪ್ಪಲಾಯಿತು.

ಬಾಡಿಗೆದಾರರ ಪರವಾಗಿ ಓಗಿಲ್ವಿ
ತುದಿಯ ಕುರ್ಚಿಯಿಂದ ಹೇಳಿದ,
ಗೋಡೆಯ ಬೂಷ್ಟು, ಮೊಮ್ಮಗಳ ಕೆಮ್ಮು.
ಕೆಮ್ಮಿನ ಜಾಗ ಹನ್ನೊಂದನೆಯದು:
ಅಧ್ಯಕ್ಷರ ಅಪ್ಪಣೆ ಮೇರೆಗೆ ಇತರೆ ವಿಷಯಗಳು.

ಮಾರ್ಚಿನಲ್ಲಿ ಹಿಲ್ಡಾ ಕನ್ನಡಕ ತೆಗೆದು ಒರೆಸುತ್ತ
"ಉಪಸಮಿತಿಗೆ ಕಳಿಸೋಣ" ಎಂದಾಗ ಬೆಚ್ಚಿದೆ.
ಹಿಂದಿನವನದೇ ವಾಕ್ಯ, ಅವನದೇ ನಿಟ್ಟುಸಿರು.
ಅವರಿಬ್ಬರೂ ಮುಖ ನೋಡಿಕೊಂಡವರೇ ಅಲ್ಲ.
ಅಚ್ಚು ಮಾತಾಡುವುದಿಲ್ಲ,
ಬಿಸಿ ಬೆಲ್ಲ ಆರುವವರೆಗೆ ಕಾಯುತ್ತದೆ.

ಒಮ್ಮೆ ಬಾಯ್ಲರ್ ಕೆಟ್ಟು
ಸಭೆ ಕೆಳಗಿನ ಅಡುಗೆಮನೆಗೆ ಇಳಿಯಿತು.
ಸ್ಟೂಲು ಸಾಲದೆ ಹಿಲ್ಡಾ ಸಿಂಕಿಗೊರಗಿ ನಿಂತಳು.
ಓಗಿಲ್ವಿ ಫೋನು ಕೊಟ್ಟ;
ಕೈಯಿಂದ ಕೈಗೆ ದಾಟಿತು ಕಪ್ಪುಗಟ್ಟಿದ ಗೋಡೆ.
"ನಾಳೆ ಯಾರು ಹೋಗ್ತೀರಿ?" ಕೇಳಿದಳು.
"ನಾನು," ಅಂದರು ಇಬ್ಬರು, ಒಟ್ಟಿಗೆ.

ಗುರುವಾರ ಬಾಯ್ಲರ್ ರಿಪೇರಿಯಾಯಿತು.

ಮತ್ತೆ ಮೇಲೆ, ಮೇಜು. ನನ್ನ ಪೆನ್ನು
ರೂಢಿಯಂತೆ ಹೊರಟಿತು:
ಭೇಟಿ ನೀಡಲು ತೀರ್ಮಾನಿಸಲಾ
ಅಲ್ಲಿಗೇ ನಿಲ್ಲಿಸಿದೆ.
ಕರ್ತೃವಿಲ್ಲದ ಕ್ರಿಯಾಪದಗಳಿಂದ
ಈ ಕಟ್ಟಡಕ್ಕೆ ನಾನೂ ಗಾರೆ ಮೆತ್ತಿದವಳೇ.

ಹೊಡೆದುಹಾಕಿ ಹೆಸರು ಬರೆದೆ, ಎರಡು.
ಪಕ್ಕದಲ್ಲಿ ತಾರೀಖು.
ಹಿಲ್ಡಾ ಓದಿದಳು.
ಸಹಿಯ ಗೆರೆಯ ಮೇಲೆ ಪೆನ್ನು ಹಿಡಿದು
ಬಹಳ ಹೊತ್ತು ಕೂತಳು.